ತಾರೀಕು ದಾಟಿದ ಚಂದ್ರಿಕೆ ಕೇಕು

ಶಿಡ್ಲಘಟ್ಟ
20-8-1995, ಭಾನುವಾರ ಬೆಳಿಗ್ಗೆ

ಮುದ್ದಿನ ಸೊಸೆ ಷಮೀಮ್‌ಗೆ ಅತ್ತೆ ನೂರುನ್ನೀಸಾಳ ಸಲಾಂ, ಮನಸಾರೆ ದುವಾ.

ಹೇಗಿದ್ದೀಯ ಮಗಳೇ? ಸೊಂಟನೋವು ಇಳಿಯಿತೆ? ಬಾಣಂತಿ ಮೈ, ತಣ್ಣೀರಿನಲ್ಲಿ ಕೈ ಹಾಕಬೇಡ, ಕಿವಿಗೆ ಬಟ್ಟೆ ಕಟ್ಟದೆ ಹೊರಗೆ ಬರಬೇಡ. ನಿಮ್ಮಮ್ಮ ಹೇಳಿಯೇ ಇರುತ್ತಾರೆ, ಆದರೂ ನಾನೊಂದು ಸಲ ಹೇಳದಿದ್ದರೆ ನನಗೆ ಊಟ ಸೇರುವುದಿಲ್ಲ. ಮೊಮ್ಮಗಳು ಕತ್ತು ನಿಲ್ಲಿಸುತ್ತಾಳೆ, ಕರೆದರೆ ತಿರುಗಿ ನೋಡುತ್ತಾಳೆ ಎಂದು ಮಗ ದಸ್ತಗಿರ್ ಹೇಳಿದ. ಮೂಗು ನನ್ನದೇ ಅಂತೆ. ಅದೊಂದು ನನ್ನದಾಗದೆ ನಿನ್ನದಾಗಿದ್ದರೆ ಚೆನ್ನಾಗಿತ್ತು, ಏಕೆಂದು ಮುಂದೆ ಹೇಳುತ್ತೇನೆ. ಇಲ್ಲಿ ನಾವೆಲ್ಲ ಚೆನ್ನಾಗಿದ್ದೇವೆ. ನಿನ್ನ ಮಾವನಿಗೆ ರೇಷ್ಮೆ ನೂಲು ಬಿಚ್ಚುವ ಚರಕದ ಶೆಡ್ಡಿನ ಹಬೆಗೆ ಕೆಮ್ಮು ಬಂದು ಹೋಯಿತು. ಉರ್ದು ಬಿಟ್ಟು ಕನ್ನಡದಲ್ಲಿ ಯಾಕೆ ಬರೆಯುತ್ತಿದ್ದಾಳೆ ಎಂದು ನಿನಗೆ ಆಶ್ಚರ್ಯವಾಗಬಹುದು. ನಿನ್ನ ಮಾವನಿಗೆ ಕನ್ನಡದಲ್ಲಿ ಗೂಡು ಮಾರ್ಕೆಟ್ಟಿನ ಬೋರ್ಡು ಬಿಟ್ಟರೆ ಬೇರೇನೂ ಓದಲು ಬಾರದು. ದಿಬ್ಬೂರಹಳ್ಳಿಯ ಸರ್ಕಾರಿ ಸ್ಕೂಲಿನಲ್ಲಿ ಏಳನೇ ಕ್ಲಾಸಿನವರೆಗೆ ಓದಿದ್ದು ಇವತ್ತು ಉಪಯೋಗಕ್ಕೆ ಬಂತು. ಅತ್ತೆ ಸೊಸೆಯ ಮಾತು ಎಲ್ಲರೂ ಓದುವಂಥದ್ದಲ್ಲ.

ವಿಷಯಕ್ಕೆ ಬರುತ್ತೇನೆ. ಮಗು ಹುಟ್ಟಿ ಇವತ್ತಿಗೆ ಎಂಬತ್ತೇಳು ದಿನ. ನಲವತ್ತು ಕಳೆದ ಮೇಲೆ ಬರಬೇಕಾಗಿದ್ದವಳು ನೀನು. ಹೋದ ಭಾನುವಾರ ದಸ್ತಗಿರ್ ಕರೆದುಕೊಂಡು ಬರಲು ಗೌರಿಬಿದನೂರಿಗೆ ಬಂದ, ಒಬ್ಬನೇ ವಾಪಸು ಬಂದ. ಬಂದವನು ಚಪ್ಪಲಿ ಬಿಡುವ ಮೊದಲೇ ನೀನು ಹೇಳಿ ಕಳಿಸಿದ ಮಾತನ್ನು ಒಂದಕ್ಷರ ಬಿಡದೆ ಒಪ್ಪಿಸಿದ. "ನನ್ನ ಅಣ್ಣ ತಂದುಕೊಟ್ಟ ಡಬ್ಬ ತೆಗೆಯೋಕೂ ಆ ಮನೇಲಿ ನಾನು ಬೀಗದ ಕೈ ಬೇಡ್ಕೋಬೇಕು. ನಾನು ಅಲ್ಲಿ ಮನೆಯವಳೋ, ಬಂದು ಹೋಗೋ ನೆಂಟಳೋ ಅಮ್ಮಿ ಹೇಳ್ಲಿ. ಆಮೇಲೆ ಬರ್ತೀನಿ." ಕೇಳಿ ನನಗೆ ಕೋಪ ಬಂತು. ಸುಳ್ಳು ಏಕೆ ಹೇಳಲಿ, ಎರಡು ದಿನ ಆ ಕೋಪದಲ್ಲೇ ಅಡುಗೆ ಮಾಡಿದೆ, ಸಾರಿಗೆ ಉಪ್ಪು ಜಾಸ್ತಿಯಾಯಿತು. ಈ ಪತ್ರ ನಿನ್ನ ಮಾತಿಗೆ ಉತ್ತರ. ಆದರೆ ನನ್ನ ಉತ್ತರ ನೇರವಾಗಿ ಬರುವುದಿಲ್ಲ, ನಿನಗೆ ಗೊತ್ತಲ್ಲ, ಒಲೆಯ ಕಡೆಯಿಂದ ಸುತ್ತಿಕೊಂಡು ಬರುತ್ತದೆ.

ನಿನ್ನ ಅಣ್ಣ ಮೆಹಬೂಬ್ ಪಾಷಾ ಹೋದ ನವೆಂಬರಿನಲ್ಲಿ ದುಬೈಯಿಂದ ರಜೆಗೆ ಬಂದಾಗ ತಂದ ಸಾಮಾನು ನನಗೆ ಇನ್ನೂ ಬಾಯಿಪಾಠ. ಕ್ರೀಮ್ ಚೀಸ್ ಡಬ್ಬ ಆರು, ಸಿಹಿ ಹಾಲಿನ ಗಟ್ಟಿ ಡಬ್ಬ ಎರಡು, ಗೋಧಿ ಬಿಸ್ಕತ್ತು ಎರಡು ಪ್ಯಾಕೆಟ್ಟು. ನಮ್ಮ ಬೀದಿಯಲ್ಲಿ ಯಾರ ಮನೆಗೆ ಹೊರದೇಶದ ಸಾಮಾನು ಬಂದರೂ ಮೊದಲು ಅದನ್ನು ಗಾಜಿನ ಶೋಕೇಸಿನಲ್ಲಿಟ್ಟು ಬಂದವರಿಗೆಲ್ಲ ತೋರಿಸಬೇಕು, ಆಮೇಲೆ ಬೀರುವಿಗೆ ಹಾಕಿ ಬೀಗ ಜಡಿಯಬೇಕು. ಬಳಸುವುದು ಎಂದೋ ಒಂದು ದೊಡ್ಡ ದಿನ, ಆ ದಿನ ಬರುವುದೇ ಇಲ್ಲ. ದಸ್ತಗಿರ್ ಹುಟ್ಟಿದಾಗ ಜೆದ್ದಾದಿಂದ ಬಂದ ಸೋಪು ಇನ್ನೂ ನನ್ನ ಟ್ರಂಕಿನಲ್ಲಿ ಕಾಗದ ಬಿಚ್ಚದೆ ಕೂತಿದೆ, ಅವನಿಗೇ ಈಗ ಮಗಳಿದ್ದಾಳೆ. ರಂಜಾನ್ ಹಬ್ಬದ ಹಿಂದಿನ ದಿನ ನೀನು ಬಂದು ಕೇಳಿದೆ. "ಅಮ್ಮಿ, ಇದು ಜೂನ್‌ವರೆಗೆ ಅಷ್ಟೇ ಚೆನ್ನಾಗಿರೋದು, ಆವಾಗ ನಾನೂ ಇಲ್ಲಿರಲ್ಲ. ಇವತ್ತೇ ಕೇಕ್ ಮಾಡ್ತೀನಿ, ಬೀಗದ ಕೈ ಕೊಡಿ." ನನ್ನ ನಾದಿನಿಯರು ಎದುರಿಗೇ ಕೂತಿದ್ದರು. ಅವರ ಮುಂದೆ ಸೊಸೆ ಕೇಳಿದ ತಕ್ಷಣ ಕೊಟ್ಟರೆ ನನ್ನ ಯಜಮಾನಿಕೆ ಏನಾಗಬೇಕು? "ಡಬ್ಬದ ಮೇಲೆ ಬರೆದಿದ್ದು ಓದೋಕೆ ಕಲ್ತಿದ್ದೀಯ, ಮನೆ ನೋಡ್ಕೊಳ್ಳೋದು ಕಲ್ತಿಲ್ಲ. ನಾನಿರೋವರೆಗೂ ಈ ಕೈ ನನ್ನ ಸೊಂಟ ಬಿಡಲ್ಲ ಕಣೇ" ಎಂದೆ. ಅವರೆಲ್ಲ ನಕ್ಕರು. ನೀನು ಒಳಗೆ ಹೋಗಿ ಶಾವಿಗೆಗೆ ಹಾಲು ಕಾಯಿಸಿದೆ. ಆ ತಿಂಗಳ ಕೊನೆಗೇ ಹೆರಿಗೆಗೆಂದು ತವರಿಗೆ ಹೊರಟೆ, ಹೋಗುವಾಗ ಹಿಂತಿರುಗಿ ನೋಡಲಿಲ್ಲ.

ಮಂಗಳವಾರ ಮಗುವಿಗೆ ಹೊಲಿಯಲು ಮೆತ್ತನೆಯ ಹಳೇ ಸೀರೆ ಹುಡುಕುತ್ತ ನಿಮ್ಮ ಕೋಣೆಯ ಟ್ರಂಕು ತೆಗೆದೆ. ಬಟ್ಟೆಯ ಕೆಳಗೆ ನಿನ್ನ ಅಡುಗೆ ಬರೆದ ನೋಟ್‌ಬುಕ್ಕಿತ್ತು. ಓದಿದ್ದು ತಪ್ಪು ಎನ್ನುತ್ತೀಯೇನೋ, ಅಡುಗೆ ಪುಸ್ತಕ ಓದಲು ಯಾರ ಅಪ್ಪಣೆಯೂ ಬೇಕಿಲ್ಲ. ಅಣ್ಣ ತನ್ನ ಹೋಟೆಲಿನಲ್ಲಿ ಮಾಡುವ ಚೀಸ್ ಕೇಕನ್ನು ಹೇಳಿ ಬರೆಸಿದ ಪುಟದ ಪಕ್ಕದಲ್ಲಿ ನೀನೊಂದು ಚಿತ್ರ ಬರೆದಿದ್ದೆ. ದುಂಡನೆಯ ಕೇಕು, ಅದರ ಮೇಲೆ ನಡುವಿನಿಂದ ಅಂಚಿನವರೆಗೆ ಸುತ್ತಿ ಸುತ್ತಿ ಬರುವ ಬಿದಿರಿನ ಪಟ್ಟಿ, ಪಟ್ಟಿಯ ಸಂದಿನಲ್ಲಿ ಹಳದಿ ಪೆನ್ಸಿಲಿನಲ್ಲಿ ಪುಟ್ಟ ಪುಟ್ಟ ಗೂಡು. ಚಂದ್ರಿಕೆ. ನಮ್ಮಪ್ಪನ ಮನೆಯಲ್ಲಿ ಹಣ್ಣಾದ ರೇಷ್ಮೆ ಹುಳುಗಳನ್ನು ಗೂಡು ಕಟ್ಟಲು ಬಿಡುತ್ತಿದ್ದ ಆ ಬಿದಿರಿನ ತಟ್ಟಿ. ಮದುವೆಯಾಗಿ ಈ ಊರಿಗೆ ಬಂದ ಮೇಲೆ ಗೂಡು ಬಿಸಿನೀರಿಗೆ ಬೀಳುವುದನ್ನು ಬಿಟ್ಟು ಬೇರೆ ನೋಡಿಲ್ಲ, ತುಂಬಿದ ಚಂದ್ರಿಕೆಯನ್ನು ಬಿಸಿಲಿಗೆ ಒರಗಿಸಿಟ್ಟರೆ ಅಂಗಳವೇ ಹಳದಿಯಾಗುತ್ತಿತ್ತು ಎಂದು ನಾನು ಯಾವಾಗಲೋ ಒಮ್ಮೆ ನಿನ್ನ ತಲೆ ಬಾಚುವಾಗ ಹೇಳಿದ್ದೆ. ನನಗೇ ಮರೆತುಹೋಗಿತ್ತು. ಚಿತ್ರದ ಕೆಳಗೆ ನೀನು ಬರೆದಿದ್ದೆ: ಅಮ್ಮಿಗೆ, ಹಬ್ಬದ ದಿನ. ನಾನು ಆ ಟ್ರಂಕಿನ ಪಕ್ಕದಲ್ಲಿ ಕೂತು ಅತ್ತುಬಿಟ್ಟೆ, ಷಮೀಮ್. ಹಬ್ಬದ ಹಿಂದಿನ ದಿನ ನೀನು ಕೇಳಿದ್ದು ನನಗಾಗಿ, ನಾನು ಬೈದದ್ದು ನಿನಗೆ.

ಅತ್ತು ಮುಗಿಸಿ ಎದ್ದು ಬೀರು ತೆಗೆದೆ. ಕೂತು ಅಳುವುದಕ್ಕಿಂತ ಕೇಕು ಮಾಡುವುದು ಸುಲಭ. ತಾರೀಕು ದಾಟಿ ಎರಡು ತಿಂಗಳಾಗಿತ್ತು, ಅದು ನನಗೆ ದೊಡ್ಡ ವಿಷಯವಲ್ಲ. ಮೂವತ್ತು ವರ್ಷ ಗೂಡಿನ ವ್ಯಾಪಾರದ ಮನೆಯಲ್ಲಿದ್ದೇನೆ, ಯಾವುದು ಇನ್ನೂ ನಿಲ್ಲುತ್ತದೆ, ಯಾವುದು ಕೆಟ್ಟಿದೆ ಎಂದು ಮುಟ್ಟಿದರೆ ತಿಳಿಯುತ್ತದೆ. ಆರು ಡಬ್ಬಗಳನ್ನು ಸಾಲಾಗಿ ಇಟ್ಟು ಒಂದೊಂದರ ತಲೆ ಒತ್ತಿ ನೋಡಿದೆ. ಒಂದು ಉಬ್ಬಿತ್ತು. ಅದನ್ನು ತೆಗೆಯದೆ ಹಿತ್ತಲಿನಲ್ಲಿ ಗುಂಡಿ ತೋಡಿ ಹೂತೆ. ಉಳಿದ ಐದರಲ್ಲಿ ಒಂದು ತೆಗೆದು ಮೂಸಿದೆ, ನೆಕ್ಕಿದೆ. ನುಣ್ಣಗೆ, ಬೆಳ್ಳಗೆ, ಚೂರು ಹುಳಿ. ಆ ಹುಳಿ ಅದರ ಹುಟ್ಟುಗುಣ ಎಂದು ನೀನೇ ಬರೆದಿದ್ದೀಯ. ಆದರೂ ಒಂದು ಚಮಚ ತಿಂದು ತೆಗೆದ ಡಬ್ಬವನ್ನು ಎದುರು ಮನೆಯ ಟೀಚರಮ್ಮ ಅಶ್ವತ್ಥಮ್ಮನವರ ಫ್ರಿಜ್ಜಿನಲ್ಲಿಟ್ಟು, ಮಾರನೆಯ ದಿನದವರೆಗೆ ಕಾದೆ. ನನಗೇನೂ ಆಗಲಿಲ್ಲ. ಬಿಸ್ಕತ್ತು ಮೆತ್ತಗಾಗಿತ್ತು, ಕಾವಲಿಯ ಮೇಲೆ ಹುರಿದೆ, ಹೊಸದಕ್ಕಿಂತ ಗರಿಗರಿಯಾಯಿತು. ಹಾಗಾಗಿ ಲೆಕ್ಕ ಇಷ್ಟು: ನೀನು ಹೇಳಿದ್ದರಲ್ಲಿ ಆರರಲ್ಲಿ ಒಂದು ಪಾಲು ಸರಿ, ನಾನು ಹೇಳಿದ್ದರಲ್ಲಿ ಐದು ಪಾಲು ಸರಿ. ಇದನ್ನು ನಿನ್ನ ಅಣ್ಣನಿಗೂ ಬರೆದು ತಿಳಿಸು.

ಇನ್ನು ಬೇಯಿಸುವುದು. ನಮ್ಮ ಮನೆಯಲ್ಲಿ ಓವನ್ನು ಎಲ್ಲಿದೆ? ನಾನು ಯೋಚಿಸಿ ಯೋಚಿಸಿ, ಗೂಡಿನ ಹುಳ ಸಾಯಲೆಂದು ಹಬೆ ಕೊಡುತ್ತೇವಲ್ಲ, ಶೆಡ್ಡಿನ ಆ ಪೆಟ್ಟಿಗೆಯನ್ನು ಗುರುವಾರ ಸೀಗೆಪುಡಿ ಹಾಕಿ ಮೂರು ಸಲ ತೊಳೆಸಿದೆ. ಎಲ್ಲ ಕಡೆಯಿಂದ ಒಂದೇ ಸಮನೆ ಹಬೆ, ಇದಕ್ಕಿಂತ ಒಳ್ಳೆಯ ಓವನ್ನು ದುಬೈಯಲ್ಲೂ ಇರಲಾರದು ಎಂದುಕೊಂಡೆ. ಎರಡು ಡಬ್ಬ ಚೀಸು, ಸಿಹಿ ಹಾಲು, ಮೊಟ್ಟೆ, ನಿಂಬೆರಸ ಕಲಸಿ, ಬಿಸ್ಕತ್ತಿನ ಮೇಲೆ ಸುರಿದು ಒಳಗಿಟ್ಟೆ. ಮುಕ್ಕಾಲು ಗಂಟೆಗೆ ಕೇಕು ಅಲುಗದಂತೆ ನಿಂತಿತ್ತು. ನಿನ್ನ ಮಾವ ಎರಡು ತುಂಡು ತಿಂದರು, ದಸ್ತಗಿರ್ ಮೂರು, ನಾನೂ ತಿಂದು ನನ್ನ ಬೆನ್ನು ನಾನೇ ತಟ್ಟಿಕೊಂಡೆ. ಫ್ರಿಜ್ಜಿನ ಉಪಕಾರಕ್ಕೆ ಅಶ್ವತ್ಥಮ್ಮನವರಿಗೂ ಒಂದು ತುಂಡು ಕೊಟ್ಟೆ. ಅವರು ಮಂಡಿಕಲ್ ಕಡೆಯವರು, ಈ ಬೀದಿಗೆ ಬಂದು ಎರಡು ತಿಂಗಳೂ ಆಗಿಲ್ಲ. ಚಮಚ ಬಾಯಿಗಿಟ್ಟು ಅಲ್ಲೇ ನಿಲ್ಲಿಸಿ, ತುಂಬ ಮರ್ಯಾದೆಯಿಂದ ಕೇಳಿದರು: "ಬೇಜಾರು ಮಾಡ್ಕೋಬೇಡಿ ಅಕ್ಕಾ, ಇದಕ್ಕೆ ರೇಷ್ಮೆ ಹುಳಾನೂ ಹಾಕ್ತೀರಾ?"

ಕೇಕಿನ ತುಂಬ ಬೆಂದ ಹುಳದ ವಾಸನೆ. ಮನೆಯಲ್ಲಿ ಒಬ್ಬರಿಗೂ ತಿಳಿಯಲಿಲ್ಲ. ತಿಳಿಯುವುದು ಹೇಗೆ, ಬೆಳಗಾದರೆ ಅದೇ ಹಬೆಯಲ್ಲಿ ಎದ್ದು ಅದರಲ್ಲೇ ಮಲಗುವವರು ನಾವು. ಆಗ ನನಗೆ ನೀನು ನೆನಪಾದೆ. ಮದುವೆಯಾಗಿ ಬಂದ ಹೊಸದರಲ್ಲಿ ಒಂದು ತಿಂಗಳು ನೀನು ಸೆರಗನ್ನು ಮೂಗಿನಿಂದ ಇಳಿಸಲಿಲ್ಲ. ಗೌರಿಬಿದನೂರಿನ ನಖರಾ ಎಂದು ನಾನು ಬಂದವರ ಹತ್ತಿರವೆಲ್ಲ ಆಡಿಕೊಂಡೆ, ನಿನಗೂ ಕೇಳಿಸಿತ್ತು. ನೀನು ಸೆರಗು ಇಳಿಸಿ, ವಾಂತಿ ಬಂದರೆ ಹಿತ್ತಲಿಗೆ ಹೋಗಿ ಬಂದು ಮತ್ತೆ ಕೆಲಸಕ್ಕೆ ಕೂರುತ್ತಿದ್ದೆ. ಡಬ್ಬ ಮೂಸಿ ಒಳ್ಳೆಯದು ಕೆಟ್ಟದ್ದು ಹೇಳುತ್ತೇನೆ ಎಂದು ಮೆರೆಯುವ ನನಗೆ ನನ್ನ ಮನೆಯ ವಾಸನೆ ಗೊತ್ತಿರಲಿಲ್ಲ. ಗೊತ್ತಿದ್ದವಳನ್ನು ನಕ್ಕು ಬಾಯಿ ಮುಚ್ಚಿಸಿದ್ದೆ.

ನಾನು ಒಂದು ಸಲ ಕೆಟ್ಟರೆ ಕೈಬಿಡುವವಳಲ್ಲ. ಇವತ್ತು ಬೆಳಿಗ್ಗೆ ನಮಾಜು ಮುಗಿಸಿ ಮತ್ತೆ ಎರಡು ಡಬ್ಬ ತೆಗೆದೆ. ಈ ಸಲ ಶೆಡ್ಡಿನ ಕಡೆ ತಲೆಯೂ ಹಾಕಲಿಲ್ಲ. ಬಿರಿಯಾನಿಯ ದೊಡ್ಡ ಹಂಡೆಗೆ ಮರಳು ಹಾಕಿ, ಒಳಗೆ ಕೇಕಿನ ಪಾತ್ರೆ ಇಟ್ಟು, ಕೆಳಗೆ ಸಣ್ಣ ಕೆಂಡ, ಮುಚ್ಚಳದ ಮೇಲೆ ಕೆಂಡ. ದಮ್ ಹಾಕುವುದು ನನಗೆ ಯಾರೂ ಕಲಿಸಬೇಕಿಲ್ಲ. ಇನ್ನೊಂದು ಸಿಹಿ ಹಾಲಿನ ಡಬ್ಬವನ್ನು ನಿನ್ನೆಯೇ ಕುದಿಯುವ ನೀರಿನಲ್ಲಿ ಮುಳುಗಿಸಿಟ್ಟು ಕಂದು ಬಣ್ಣಕ್ಕೆ ತಿರುಗಿಸಿದ್ದೆ. ಅದನ್ನು ಪ್ಲಾಸ್ಟಿಕ್ ಹಾಲಿನ ಕವರಿಗೆ ತುಂಬಿ, ಮೂಲೆ ಕತ್ತರಿಸಿ, ನಡುವಿನಿಂದ ಅಂಚಿಗೆ ಸುತ್ತು ಹಾಕಿದೆ. ಹಾಲಿನ ಪುಡಿಗೆ ಕೇಸರಿ ಹಾಲು ಕಲಸಿ ಗೂಡು ಮಾಡಿದೆ, ಮೂವತ್ತೊಂದು. ಬಿಳಿ ಗೂಡಲ್ಲ, ನಮ್ಮ ಕಡೆಯ ಹಳದಿ ಗೂಡೇ, ನಿನ್ನ ಪೆನ್ಸಿಲ್ ಬಣ್ಣದ್ದೇ. ನಿನ್ನ ಮಾವ ಬಂದು ನೋಡಿದವರು ಒಂದು ಗೂಡು ತೆಗೆದು, ಮಾರ್ಕೆಟ್ಟಿನಲ್ಲಿ ಒಳಗಿನ ಹುಳದ ಸದ್ದು ಕೇಳಲು ಮಾಡುವಂತೆ ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದರು. ಆಮೇಲೆ ತಮಗೇ ನಗು ಬಂದು ಬಾಯಿಗೆ ಹಾಕಿಕೊಂಡರು. ಅದಕ್ಕೇ ನಿನಗೆ ಬರುವ ಕೇಕಿನಲ್ಲಿ ಮೂವತ್ತೇ ಇರುತ್ತದೆ, ದಾರಿಯಲ್ಲಿ ದಸ್ತಗಿರ್ ತಿಂದನೆಂದು ಅವನನ್ನು ಬೈಯಬೇಡ.

ಇಡೀ ಕೇಕು ಅವನ ಕೈಯಲ್ಲಿದೆ. ನಾವು ಒಂದು ಚೂರೂ ಮುರಿದಿಲ್ಲ. ಹತ್ತು ಗಂಟೆಯ ಬಸ್ಸಿಗೆ ಚಿಕ್ಕಬಳ್ಳಾಪುರ, ಅಲ್ಲಿಂದ ಗೌರಿಬಿದನೂರು, ಕೇಕನ್ನು ತೊಡೆಯ ಮೇಲಿಂದ ಇಳಿಸಿದರೆ ಮನೆಗೆ ಬರಬೇಡ ಎಂದು ಹೇಳಿದ್ದೇನೆ. ಮೊದಲು ತಿನ್ನಬೇಡ, ಮೂಸಿ ನೋಡು. ವಾಸನೆ ಇದ್ದರೆ ಇದೆ ಎಂದು ನೇರವಾಗಿ ಹೇಳು, ನಾನು ಮತ್ತೆ ಮಾಡುತ್ತೇನೆ. ಇಲ್ಲದಿದ್ದರೆ ಸಂಜೆಯೊಳಗೆ ಎಲ್ಲರೂ ಕೂತು ತಿಂದುಬಿಡಿ, ಎತ್ತಿಡಬೇಡಿ. ಇದರ ತಾರೀಕು ನಾನೇ ಹಾಕಿದ್ದೇನೆ, ಇವತ್ತು ಸಂಜೆ. ಮಗುವಿನ ಹಣೆಗೆ ನನ್ನ ಪರವಾಗಿ ಮುತ್ತು ಕೊಡು. ನಿಮ್ಮ ಅಪ್ಪ ಅಮ್ಮನಿಗೆ ನಮ್ಮಿಬ್ಬರ ಸಲಾಂ ತಿಳಿಸು. ನಿನ್ನನ್ನೂ ನಿನ್ನ ಮಗಳನ್ನೂ ದೇವರು ತಣ್ಣಗಿಟ್ಟಿರಲಿ.

ನಿನ್ನ ದಾರಿ ನೋಡುತ್ತಿರುವ,
ಅಮ್ಮಿ
ನೂರುನ್ನೀಸಾ

ಮರೆತ ಮಾತು: ದಸ್ತಗಿರ್ ಬಾಗಿಲಲ್ಲಿ ನಿಂತು ಬಸ್ಸು ಹೋಗುತ್ತೆ ಎನ್ನುತ್ತಿದ್ದಾನೆ, ಬೇಗ ಬರೆಯುತ್ತೇನೆ. ಲಕೋಟೆಯಲ್ಲಿ ಗಟ್ಟಿಯಾಗಿ ಸಿಗುವುದು ಬೀರುವಿನ ಬೀಗದ ಕೈ. ಅದು ನಿನ್ನದು, ವಾಪಸು ಕಳಿಸಬೇಡ, ನೀನೇ ತೆಗೆದುಕೊಂಡು ಬಾ. ಹಬ್ಬದ ಹಿಂದಿನ ದಿನ ನಾನು ಆಡಿದ್ದು ತಪ್ಪು, ಹೇಳುವುದಕ್ಕೆ ಐದು ತಿಂಗಳು ತಡವಾಯಿತು. ಒಳಗೆ ಒಂದು ಚೀಸ್ ಡಬ್ಬ ಉಳಿಸಿದ್ದೇನೆ, ಉಬ್ಬಿಲ್ಲ, ಇವತ್ತು ಬೆಳಿಗ್ಗೆಯೂ ಒತ್ತಿ ನೋಡಿದೆ. ಬೀಗಕ್ಕೆ ಇನ್ನೊಂದು ಕೈ ಇಲ್ಲ, ನಿನಗೆ ಗೊತ್ತೇ ಇದೆ. ಬೀಗ ಹಾಕಿ ಲಕೋಟೆ ಅಂಟಿಸಬೇಕೆನ್ನುವಾಗ ನೆನಪಾಯಿತು, ಸಕ್ಕರೆ, ಟೀ ಪುಡಿ ಎಲ್ಲ ಅದರೊಳಗೇ ಇದೆ. ಕೈ ಈಗ ನಿನ್ನದು, ನಿನ್ನನ್ನು ಕೇಳದೆ ನಾನು ತೆಗೆಯಲಾರೆ. ನಿನ್ನ ಮಾವ ಆಗಲೇ ಎರಡು ಸಲ ಟೀ ಕೇಳಿದರು.