ಬಚ್ಚಲ ಕಿಟಕಿಯ ರಟ್ಟು

ಸೋಮವಾರ, ಮಧ್ಯಾಹ್ನ

ನನ್ನ ಮುದ್ದಿನ ಅಕ್ಕಾ,

ನನ್ನ ಫೋಟೋ ಸಿಟಿ ಬಸ್ಸುಗಳ ಬೆನ್ನ ಮೇಲೆಲ್ಲ ಬರಲಿದೆ! ಮದುವೆಯ ಮೆಹೆಂದಿ ಮಾಸಿಲ್ಲ, ಆಗಲೇ ನಾನು ಫೇಮಸ್! ಗ್ಯಾಸ್ ಗೀಸರ್ ಹಚ್ಚಿ, ಕಿಟಕಿ ಮುಚ್ಚಿದ್ದ ಬಚ್ಚಲಿಗೆ ಸ್ನಾನಕ್ಕೆ ಹೋಗಿ, ವಾಸನೆಯೇ ಇಲ್ಲದ ವಿಷಗಾಳಿಗೆ ಪ್ರಜ್ಞೆ ತಪ್ಪಿ, ಸಾವಿನ ಬಾಯಿಂದ ಎದ್ದು ಬಂದ ಹುಡುಗಿ! ನಮ್ಮವರು ಕೆಲಸ ಮಾಡುವ ಅಗ್ನಿಶಾಮಕ ಠಾಣೆಯ ಜಾಗೃತಿ ಸಭೆಗಳಲ್ಲಿ ಈಗ ಮೊದಲ ಮಾತು ನನ್ನದೇ. "ನಾವು ಗಂಟಲು ಹರ್ಕೊಂಡ್ರೂ ಜನ ಆಕಳಿಸ್ತಾರಮ್ಮ. ನೀನು ಬಾಯಿ ಬಿಟ್ರೆ ಮನೆಗೆ ಹೋಗಿ ಕಿಟಕಿ ತೆಗೀತಾರೆ" ಅನ್ನುತ್ತಾರೆ ಇವರ ಸಾಹೇಬರು. ಇವರಂತೂ ಪಕ್ಕದಲ್ಲಿ ಮೈಕ್ ಹಿಡಿದು ನಿಂತು ಪ್ರತಿ ಸಲವೂ ಕಣ್ಣೊರೆಸಿಕೊಳ್ಳುತ್ತಾರೆ. ಎಷ್ಟು ಮುದ್ದು ಅಲ್ವಾ!

ಮೊನ್ನೆ ಒಬ್ಬ ಅಜ್ಜಿ ಎದ್ದು, "ಕಿಟಕಿ ಮುಚ್ಚಿದ್ದು ಯಾರಮ್ಮ?" ಎಂದು ಕೇಳಿದರು. ಆಸ್ಪತ್ರೆಯಲ್ಲಿ ನೀನು ನನಗೆ ಹೇಳಿದ್ದನ್ನೇ ಹೇಳಿದೆ: ಮನೆ ಓನರ್. ಸಭೆಯೆಲ್ಲ ಓನರಿಗೆ ಶಾಪ ಹಾಕಿ ಹಾಯಾಗಿ ಎದ್ದು ಹೋಯಿತು. ತಮ್ಮ ಬಚ್ಚಲಿನ ಬಗ್ಗೆ ಒಬ್ಬರೂ ಏನೂ ಕೇಳಲಿಲ್ಲ.

ಅವತ್ತೇ ಸಂಜೆ ನೀನು ಪಾಪುವಿನ ಸ್ನಾನದ ಫೋಟೋ ಕಳಿಸಿದೆ. ಟಬ್ಬಿನಲ್ಲಿ ಏನು ಠೀವಿ, ಪುಟ್ಟ ಮಹಾರಾಜನದು! ಆದರೆ ಹಿಂದೆ, ಗ್ಯಾಸ್ ಗೀಸರ್ ಪಕ್ಕದ ಕಿಟಕಿಗೆ ರಟ್ಟು. ಅಂಚು ಒಳಕ್ಕೆ ಮಡಚಿ, ಸುತ್ತ ಕಂದು ಟೇಪು, ಮೂಲೆಗಳಲ್ಲಿ ಅಡ್ಡಡ್ಡ ಪಟ್ಟಿ. ನಾವಿಬ್ಬರೂ ಇದ್ದ, ನಾನು ಬಿದ್ದ, ಆ ಬಾಡಿಗೆ ಮನೆಯ ಬಚ್ಚಲಿನಲ್ಲೂ ಹೀಗೆಯೇ ಇತ್ತು. ಎರಡು ಊರಿನ ಓನರುಗಳ ಕೈ ಒಂದೇ ಥರ ಓಡುತ್ತದಾ, ಅಕ್ಕಾ? ಇನ್ನೊಂದು ಫೋಟೋ ಕೇಳಿದರೆ ಪಾಪುವಿನ ಮುಖ ಮಾತ್ರ ಕಳಿಸಿದೆ. ಫೋನ್ ಮಾಡಿ ರಟ್ಟು ತೆಗಿ ಎಂದರೆ, ಮಾತು ಮುಗಿಯುವ ಮೊದಲೇ "ತೆಗ್ದಾಯ್ತು ಕಣೇ" ಅಂದೆ. ಹಿಂದಿನಿಂದ ಭಾವ "ಏನ್ ತೆಗ್ದಾಯ್ತು?" ಎಂದದ್ದು ನನಗೆ ಚೆನ್ನಾಗಿಯೇ ಕೇಳಿಸಿತು. ಅದಕ್ಕೇ ಈ ಕಾಗದ, ನಿನ್ನ ಕೈಗೇ ಸಿಗಲಿ ಎಂದು ಕೊರಿಯರ್‌ನಲ್ಲಿ.

ನಾನು ಸಭೆಗಳ ಸುದ್ದಿ ಎತ್ತಿದಾಗಲೆಲ್ಲ "ಆ ಹಳೇ ಕಥೆ ಯಾಕೀಗ" ಎಂದು ನೀನು ಮಾತು ತಿರುಗಿಸುತ್ತಿದ್ದೆ. ಸುಮ್ಮನೆ ಅನುಮಾನದ ಪಿಶಾಚಿಯಾಗಿದ್ದೇನೆ ಎಂದಾದರೆ ಬೈದುಬಿಡು, ಪ್ಲೀಸ್. ಆದರೆ ನಾನು ಬಿದ್ದ ಆ ದಿನಗಳಲ್ಲಿ ನನಗೆ ಕೆಮ್ಮಿತ್ತು. ಚಳಿಗಾಳಿ ಸೋಕಬಾರದೆಂದು ನೀನು ಮಫ್ಲರ್ ಹಿಡಿದು ನನ್ನ ಹಿಂದೆಯೇ ಓಡಾಡುತ್ತಿದ್ದೆ. ಕಿಟಕಿ ಮುಚ್ಚಿದ್ದು ಅಂಥ ಒಬ್ಬ ಅಕ್ಕ ಎಂದಿದ್ದರೆ, ಆ ಅಜ್ಜಿ ಎದ್ದು ಓಡಿ ತನ್ನ ಮನೆಯ ಬಚ್ಚಲು ನೋಡುತ್ತಿದ್ದರು. ನಿನ್ನನ್ನು ಕೇಳದೆ ನಾನದನ್ನು ಹೇಳುವುದಿಲ್ಲ. ಓನರ್ ಮುಚ್ಚಿದ್ದು ಎಂಬ ಮಾತೂ ಇನ್ನು ನನ್ನ ಬಾಯಲ್ಲಿ ಬರುವುದಿಲ್ಲ.

ನಾನು ಬರುವ ತನಕ ಪಾಪುವಿಗೆ ಅಡುಗೆಮನೆಯಲ್ಲಿ ನೀರು ಕಾಯಿಸಿಕೋ. ಗೀಸರ್ ಮುಟ್ಟಬೇಡ. ಸಿಟ್ಟೆಲ್ಲ ನನ್ನ ಮೇಲೇ ಇರಲಿ.

ನಿನ್ನ ಪ್ರೀತಿಯ,
ಪುಟ್ಟಿ

ಇನ್ನೊಂದು ಮಾತು: ಆ ಫೋಟೋವನ್ನು ಇವರಿಗೆ ತೋರಿಸಿಲ್ಲ. ಮದುವೆಯಾದ ಮೇಲೆ ಇವರಿಂದ ಮುಚ್ಚಿಟ್ಟಿರುವುದು ಇದೊಂದೇ. ಆದರೆ ಇವರಿಗೆ ಆ ಓನರ್ ವಿಳಾಸ ಸಿಕ್ಕಿಬಿಟ್ಟಿದೆ, ಶನಿವಾರ ಪೊಲೀಸರಿಗೆ ದೂರು ಕೊಡುತ್ತಾರಂತೆ. ಅಷ್ಟರೊಳಗೆ, ಮುಚ್ಚಿದ್ದು ಯಾರೆಂದು ನೀನು ನನ್ನ ಮುಖ ನೋಡಿ ಹೇಳಬೇಕು. ಗುರುವಾರ, ಬೆಳಗಿನ ಪ್ಯಾಸೆಂಜರ್ ಟ್ರೈನಿಗೆ ಒಬ್ಬಳೇ ಬರುತ್ತಿದ್ದೇನೆ.