ಕೊಟ್ರೇಶನ ‘ಆತು’

೧೭ ಡಿಸೆಂಬರ್, ಬುಧವಾರ

ಆತು. ದಿನವಿಡೀ ಈ ಒಂದೇ ಮಾತು ಕಿವಿಯಲ್ಲಿ ಕೂತಿತ್ತು.

ಬೆಳಿಗ್ಗೆ ರಾಯಚೂರು ಬಸ್ ನಿಲ್ದಾಣದಲ್ಲಿ, ದಿನಾ ಅಲ್ಲೇ ಮಾತಿಗೆ ಸಿಗುವ ಕೊಟ್ರೇಶನನ್ನು ನಾನೇ ಕೇಳಿಬಿಟ್ಟೆ. "ನನ್ನ ಮದುವಿ ಆಗ್ತೀರೇನ್ರಿ?" ಗಬ್ಬೂರಿನ ಶಾಲೆಯಲ್ಲಿ ಅಷ್ಟು ಮಕ್ಕಳಿಗೆ ಪಾಠ ಹೇಳುವ ಮನುಷ್ಯ, ಚಳಿಯಲ್ಲೂ ಬೆವರಿದ. "ಆತು" ಎಂದವನೇ ಗಬ್ಬೂರಿನ ಮೇಲೆ ಹೋಗುವ ದೇವದುರ್ಗದ ಬಸ್ ಹತ್ತಿ ಹೋದ.

ಅದು ಯಾವ ಆತು? ನಮ್ಮಪ್ಪ ಊಟ ಸಾಕೆನ್ನಲೂ ಆತು ಅನ್ನುತ್ತಾನೆ. ಮಾತಿಗೆ ಒಪ್ಪಿದರೂ ಆತು, ಜಗಳ ಬೇಸರವಾಗಿ ಎದ್ದು ಹೋದರೂ ಆತು.

ಔಷಧಿ ಅಂಗಡಿಯಲ್ಲಿ ನನ್ನ ಜೊತೆ ಕೆಲಸ ಮಾಡುವ ಗುಲ್ನಾಜ್‌ಗೆ ಹೇಳಿದೆ.

"ನಕ್ಕೊಂತ ಅಂದ್ರೋ, ಮಾರಿ ಗಂಟ್ ಹಾಕ್ಕೊಂಡು ಅಂದ್ರೋ?"

"ಚಿಲ್ಲರ ಹುಡುಕ್ಕೊಂತ ಅಂದ್ರು."

ಅವಳು ಬಿದ್ದು ಬಿದ್ದು ನಕ್ಕಳು. ನನಗೆ ಅಳು ಬರುವುದೊಂದು ಬಾಕಿ.

ಸಂಜೆ ಅವನದೇ ಫೋನು. "ಅವ್ವಗ ಹೇಳೀನ್ರಿ. ಮಾತಾಡ್ತಾಳಂತ, ಕೊಡ್ತೀನಿ."

ಅವನ ಅವ್ವನಿಗೆ ಮಾತಿನ ಬರವಿಲ್ಲ. "ಯವ್ವಾ, ಭಾನುವಾರ ಬರ್ತೀವಿ. ಸಾಲಿಯಿಂದ ಬಂದಾಗಿಂದ ಇವ ಒಬ್ಬನೇ ನಗಾಕತ್ತಾನ. ನಿಮ್ಮಪ್ಪಗ ಹೇಳೀಯಿಲ್ಲಬೇ?"

"ಹೇಳೀನ್ರಿ" ಎಂದೆ. ಸುಳ್ಳು.

ಅಪ್ಪ ಪಕ್ಕದ ಕೋಣೆಯಲ್ಲಿ ಗೊರಕೆ ಹೊಡೆಯುತ್ತಿದ್ದಾನೆ. ಬೆಳಿಗ್ಗೆ ಚಹಾ ಕೊಡುವಾಗಲೇ ಹೇಳಿಬಿಡಬೇಕು. ಅಪ್ಪಾ, ಭಾನುವಾರ ಎಲ್ಲಿಗೂ ಹೋಗಬ್ಯಾಡ, ಮನಿಗಿ ಮಂದಿ ಬರಾಕತ್ತಾರ, ಯಾರಂದ್ರ...

ಅಯ್ಯೋ, ಮೊದಲು ಈ ನನ್ನ ನಗು ನಿಂತರಲ್ಲವೇ!