ಸೂಜಿ ಯಾವ ಮನೆಯದು?

ಮಾನ್ಯರೇ,

ನಮ್ಮ ಬೀದಿಯ ಕಸ ಎತ್ತುವ ಹೆಂಗಸು ಒಂಬತ್ತು ದಿನಗಳಿಂದ ತನ್ನ ಐದು ತಿಂಗಳ ಮಗುವಿಗೆ ಹಾಲು ಕುಡಿಸಿಲ್ಲ. ಎದೆ ಕಟ್ಟಿಕೊಂಡು ನೋಯುತ್ತದೆ, ಹಿಂಡಿ ಚೆಲ್ಲುತ್ತಾಳೆ. ಕಸದ ಕವರಿನೊಳಗಿದ್ದ ಇಂಜೆಕ್ಷನ್ ಸೂಜಿ ಅವಳ ಅಂಗೈಗೆ ಚುಚ್ಚಿದೆ. ರಕ್ತ ಪರೀಕ್ಷೆಗಳೆಲ್ಲ ಮುಗಿಯುವವರೆಗೆ ಹಾಲು ಕೊಡಬೇಡ ಎಂದು ಆಸ್ಪತ್ರೆಯಲ್ಲಿ ಹೇಳಿದ್ದಾರೆ. ಊರಿನ ಕಸದ ಉಸ್ತುವಾರಿ ನಿಮ್ಮದು. ಆದ್ದರಿಂದ ಈ ಪತ್ರ ನಿಮಗೆ, ಎಲ್ಲರೂ ಓದುವಂತೆ.

ಅವಳ ಕೈಗೆ ಗವಸು ಇರಲಿಲ್ಲವೇ ಎಂದು ಕೇಳುತ್ತೀರಿ. ಇತ್ತು, ಅರ್ಧ ಗಂಟೆ. ಕಳೆದ ತಿಂಗಳು ನಿಮ್ಮ ಮೇಸ್ತ್ರಿ ಒಂದು ಚೀಲದ ತುಂಬ ಹೊಚ್ಚಹೊಸ ಕೈಗವಸು ತಂದು ಎಲ್ಲರಿಗೂ ತೊಡಿಸಿ, ಸಾಲಾಗಿ ನಿಲ್ಲಿಸಿ ಫೋಟೋ ತೆಗೆಸಿದರು. ಆಮೇಲೆ ಒಂದೊಂದಾಗಿ ಬಿಚ್ಚಿಸಿಕೊಂಡು ಚೀಲಕ್ಕೆ ತುಂಬಿದರು. "ಕೊಳೆ ಆಗ್ಬಾರದು, ನಾಳೆ ಪಕ್ಕದ ಬೀದೀಲೂ ಫೋಟೋ ಇದೆ" ಅಂದರು. ಕಸ ಎತ್ತುವವರ ಗವಸು ಕೊಳೆಯಾಗಬಾರದಂತೆ. ಇಷ್ಟು ಮಡಿವಂತಿಕೆ ನಮ್ಮ ಮನೆಗಳಲ್ಲೂ ಇಲ್ಲ ಸ್ವಾಮಿ.

ಆ ಬರಿಗೈ ಏನೇನು ಮುಟ್ಟುತ್ತದೆ ಎಂಬುದು ನಿಮ್ಮ ಕಡತದಲ್ಲಿ ಬರುವುದಿಲ್ಲ, ಹಾಗಾಗಿ ನಾನೇ ಬರೆಯುತ್ತೇನೆ. ಹಸಿ ಕಸ, ಒಣ ಕಸ ಬೇರೆ ಮಾಡಿ ಎಂದು ಗಾಡಿಯಲ್ಲಿ ಹಾಡು ಹಾಕುತ್ತೀರಿ; ಬೇರೆ ಮಾಡಿ ಕೊಟ್ಟಿದ್ದನ್ನು ಅದೇ ಗಾಡಿಗೆ ಒಟ್ಟಿಗೆ ಸುರಿಸುತ್ತೀರಿ. ಅದನ್ನು ಕಣ್ಣಾರೆ ನೋಡಿದ ಮೇಲೆ ಬೇರೆ ಮಾಡುವ ಉಸಾಬರಿ ಯಾರಿಗೆ ಬೇಕು? ನಾವೂ ಬಿಟ್ಟೆವು. ಈಗ ನಿಮ್ಮ ಮೇಸ್ತ್ರಿಗೆ ವಿಂಗಡಿಸಿದ ಕಸವೇ ಬೇಕಂತೆ. ಅದಕ್ಕೇ ಅವಳು ಬೀದಿಯ ತುದಿಯಲ್ಲಿ ಕುಕ್ಕರಗಾಲಲ್ಲಿ ಕುಳಿತು ಒಂದೊಂದು ಕವರಿನ ಗಂಟು ಬಿಚ್ಚುತ್ತಾಳೆ. ಹುಳ ಮಿಜಿಗುಡುವ ಅನ್ನ, ಹೇಲು ತುಂಬಿದ ಡೈಪರ್, ಮೀನು ತೊಳೆದ ನೀರಲ್ಲಿ ನೆಂದ ಕಾಗದ. ರಸ ಮೊಣಕೈವರೆಗೂ ಇಳಿಯುತ್ತದೆ. ಓದಿ ಹೇಸಿಗೆಯಾಯಿತೇ? ಆಗಲಿ.

ಇನ್ನು ನನ್ನ ಹೇಸಿಗೆಯ ಕಥೆ. ನಾನು ಶಾಲಾ ಸಮವಸ್ತ್ರ ಹೊಲಿಯುವವಳು. ಅಂಗಡಿಯಲ್ಲಿ ಸೂಜಿ ಮುರಿದರೆ ಎರಡೂ ತುಂಡು ಸಿಗುವವರೆಗೆ ಮೆಷಿನ್ ತುಳಿಯುವುದಿಲ್ಲ. ಸಿಕ್ಕಿದ್ದನ್ನು ತಗಡಿನ ಡಬ್ಬಿಗೆ ಹಾಕುತ್ತೇನೆ, ಕಸಕ್ಕಲ್ಲ. ಯಾರದೋ ಮಗುವಿನ ಕಾಲರಿನಲ್ಲಿ ತುಂಡು ಉಳಿದುಬಿಟ್ಟರೆ ಎಂಬ ಭಯ. ಅದೇ ನಾನು ಮನೆಯಲ್ಲಿ, ಸಕ್ಕರೆ ಕಾಯಿಲೆಯ ಅತ್ತೆ ದಿನಕ್ಕೆರಡು ಸಲ ಚುಚ್ಚಿಕೊಳ್ಳುವ ಸೂಜಿಗಳನ್ನು ಕವರಿಗೆ ಹಾಕಿ ಮೂರು ಗಂಟು ಬಿಗಿಯುತ್ತಿದ್ದೆ. "ಗಟ್ಟಿಯಾಗಿ ಕಟ್ಟೇ, ನನ್ನ ಕಾಯಿಲೆ ಬೀದಿಗೆಲ್ಲ ಯಾಕೆ ಗೊತ್ತಾಗ್ಬೇಕು" ಎನ್ನುತ್ತಿದ್ದರು ಅತ್ತೆ. ಮನಸ್ಸು ತಡೆಯದೆ ಒಮ್ಮೆ ನಿಮ್ಮ ಕಚೇರಿಗೂ ಹೋಗಿ ಕೇಳಿದ್ದೆ. ಕೌಂಟರಿನವರು ತಲೆಯನ್ನೂ ಎತ್ತದೆ, "ಪ್ಲಾಸ್ಟಿಕ್ ತಾನೇ? ಒಣ ಕಸಕ್ಕೆ ಹಾಕಿ" ಅಂದರು. ಅಲ್ಲಿಗೆ ನನ್ನ ಅನುಮಾನ ಪರಿಹಾರವಾಯಿತು.

ಚುಚ್ಚಿದ ಮರುದಿನ ಅವಳು ಮಗುವನ್ನು ಸೊಂಟಕ್ಕೇರಿಸಿಕೊಂಡು ಮನೆ ಮನೆಗೂ ಬಂದಳು. ಆ ಸೂಜಿ ಗಾಡಿಯಲ್ಲಿ ಹೋಗಿಯಾಗಿತ್ತು. "ಬೈಯೋಕಲ್ಲಕ್ಕ ಕೇಳ್ತಿರೋದು. ಯಾರು ಚುಚ್ಚಿಕೊಂಡಿದ್ದು ಅಂತ ಗೊತ್ತಾದ್ರೆ ಅವ್ರ ರಕ್ತ ನೋಡಿ ಬೇಗ ಹೇಳ್ತಾರಂತೆ. ಇಲ್ದಿದ್ರೆ ಮೂರು ತಿಂಗ್ಳು ಕಾಯ್ಬೇಕಂತೆ." ಎಲ್ಲರೂ ನಮ್ಮನೇದಲ್ಲ ಎಂದರು. ನಾನೂ ಅಂದೆ. ಬಾಗಿಲು ಹಾಕಿಕೊಂಡು, ಮಗುವಿನ ಅಳು ಪಕ್ಕದ ಮನೆಗೆ ಸರಿಯುವ ತನಕ ಅದರ ಹಿಂದೆಯೇ ನಿಂತಿದ್ದೆ. 

ಒಳಗೆ ಕುಳಿತು ಅತ್ತೆ ಎಲ್ಲವನ್ನೂ ಕೇಳಿಸಿಕೊಂಡಿದ್ದರು. ಒಂದು ವಾರ ಕಳೆದು, ನಿನ್ನೆ ಬೆಳಿಗ್ಗೆ ಚಪ್ಪಲಿ ಮೆಟ್ಟಿ ನಿಂತು, "ನಡಿ ಆಸ್ಪತ್ರೆಗೆ. ನನ್ನ ರಕ್ತ ತಗೊಳ್ಳಲಿ" ಅಂದರು. ಎಲ್ಲರಿಗೂ ಗೊತ್ತಾಗುತ್ತಲ್ಲ ಅತ್ತೆ ಎಂದೆ. "ಗೊತ್ತಾಗ್ಲಿ ಬಿಡು. ಕೂಸಿಗೆ ಹಾಲಿಲ್ಲ ಅಂದ್ಮೇಲೆ ನನ್ನದೇನು ಮರ್ಯಾದೆ." ಅತ್ತೆಯ ವರದಿಯಲ್ಲಿ ಅಂಟುವ ರೋಗವೇನೂ ಇಲ್ಲ. ಆದರೆ ಚುಚ್ಚಿದ್ದು ನಮ್ಮ ಸೂಜಿಯೇ ಎಂದು ಹೇಳುವವರು ಯಾರು? ಈ ಬೀದಿಯಲ್ಲಿ ಸೂಜಿ ಕೊಳ್ಳುವ ಮನೆ ಇನ್ನೂ ಮೂರಿವೆ ಎಂದು ಔಷಧಿ ಅಂಗಡಿಯವರೇ ಅನ್ನುತ್ತಾರೆ; ಯಾವುವು ಎಂದು ಹೇಳುವುದಿಲ್ಲ. ಆ ಮನೆಯವರು ಬಾಯಿ ಬಿಡುವವರೆಗೆ ಮಗುವಿಗೆ ಪುಡಿ ಹಾಲೇ ಗತಿ.

ನಿಮ್ಮ ಕಚೇರಿ ಮಾತ್ರ ಬಲು ಚುರುಕು. ಅವಳ ಚಿಕಿತ್ಸೆಯ ಬಗ್ಗೆ ಅರ್ಜಿ ಕೊಟ್ಟ ಎರಡೇ ದಿನಕ್ಕೆ, "ಸದರಿ ಮಹಿಳೆ ನಮ್ಮ ಪಟ್ಟಿಯಲ್ಲಿ ಇರುವುದಿಲ್ಲ, ಗುತ್ತಿಗೆದಾರರನ್ನು ಸಂಪರ್ಕಿಸುವುದು" ಎಂದು ಉತ್ತರ ಬಂತು. ಫೋಟೋದಲ್ಲಿ ಇರುವವಳು ಪಟ್ಟಿಯಲ್ಲಿ ಇರುವುದಿಲ್ಲ.

ಪ್ರತಿ ಗಾಡಿಗೂ ಸೂಜಿಗೆಂದೇ ಮುಚ್ಚಳವಿರುವ ಡಬ್ಬಿ ಕಟ್ಟಿಸಿ. ಕೊಟ್ಟ ಗವಸನ್ನು ವಾಪಸ್ ಕೇಳಬೇಡಿ. ಹಸಿಗೊಂದು, ಒಣಗೊಂದು ಗಾಡಿ ಕಳಿಸಿ. ಇವಕ್ಕೆಲ್ಲ ಸಭೆ, ಟೆಂಡರ್ ಎನ್ನುತ್ತೀರಿ, ಗೊತ್ತು. ಆದರೆ ಒಂದು ಕೆಲಸಕ್ಕೆ ಯಾರ ಮಂಜೂರಾತಿಯೂ ಬೇಡ. ನಾಳೆ ಬೆಳಿಗ್ಗೆ ನಮ್ಮ ಬೀದಿಗೆ ಬನ್ನಿ. ಸೂಜಿಯನ್ನು ಒಣ ಕಸಕ್ಕೆ ಹಾಕಿ ಎಂದವರು ನಾವೇ, ತಪ್ಪು ನಮ್ಮದು, ಯಾರ ಮೇಲೂ ಕ್ರಮವಿಲ್ಲ, ದಯವಿಟ್ಟು ಬಂದು ರಕ್ತ ಕೊಡಿ ಎಂದು ಎಲ್ಲ ಬಾಗಿಲುಗಳಿಗೂ ಕೇಳುವಂತೆ ಹೇಳಿ. ಅವಳು ತಟ್ಟಿದಾಗ ಮುಚ್ಚಿಕೊಂಡ ಬಾಗಿಲು ನೀವು ತಟ್ಟಿದರೆ ತೆರೆದೀತು. ಅವಳ ಎದೆಯಲ್ಲಿ ಹಾಲು ಬತ್ತುವ ಮೊದಲು ಬನ್ನಿ.

ಇಂತಿ,
ನಮ್ಮನೇದಲ್ಲ ಎಂದು ಸುಳ್ಳು ಹೇಳಿದ ಮನೆಯ ಸೊಸೆ